ಕಚ್ಚಾ ಸಾಮಾನು: ಮಂತ್ರ, ಒಂದು

ಕೊಡಗು ಇನ್ನೂ ತನ್ನ ಪಾಡಿಗೆ ತಾನೊಂದು ರಾಜ್ಯವಾಗಿದ್ದ ಕಾಲ. ಮಡಿಕೇರಿಯೇ ರಾಜಧಾನಿ. ಇಡೀ ರಾಜ್ಯಕ್ಕೆ ಮಂತ್ರಿಗಳು ಇಬ್ಬರೇ. ಅಂಥ ಅಚ್ಚುಕಟ್ಟಾದ ರಾಜ್ಯದಲ್ಲಿ, ಶನಿವಾರಸಂತೆಯಿಂದ ಎರಡು ಮೈಲಿ ಒಳಗಿದ್ದ ಕಂಚುಗಾರಕೊಪ್ಪಲಿನ ಮರುಳಸಿದ್ದಪ್ಪ ಎಂಬಾತ ಒಂದು ಸರ್ಕಾರಿ ಅರ್ಜಿಯ ಒಂಬತ್ತನೆಯ ಕಾಲಮ್ಮಿನಲ್ಲಿ ಒಂದೇ ಒಂದು ಪದ ಬರೆದು ಎರಡು ತಿಂಗಳು ಊರಿಗೆ ಊರೇ ತಲೆಕೆಡಿಸಿಕೊಳ್ಳುವಂತೆ ಮಾಡಿದ.

ಕಂಚುಗಾರಕೊಪ್ಪಲಿನಲ್ಲಿ ಮಾಯದ ಕನ್ನಡಿ ಮಾಡುವವರ ಪಂಗಡವೊಂದಿತ್ತು. ಐದು ಮನೆ, ಒಂದು ಕುಲುಮೆ, ಒಂದು ಚಾವಡಿ. ಅವರದು ಗಾಜಿನ ಕನ್ನಡಿಯಲ್ಲ. ತಾಮ್ರ ತವರ ಕರಗಿಸಿ, ಎರಕ ಹೊಯ್ದು, ತಿಕ್ಕಿ ತಿಕ್ಕಿ ಹೊಳಪು ಬರಿಸಿದ ಅಂಗೈಯಗಲದ ಲೋಹದ ಕನ್ನಡಿ. ಮುಂದೆ ನೋಡಿದರೆ ನಿಮ್ಮ ಮುಖ, ಹಿಂದೆ ತಿರುಗಿಸಿದರೆ ಉಬ್ಬಾಗಿ ಕೆತ್ತಿದ ಬಸವಣ್ಣ. ಇದರಲ್ಲಿ ಮಾಯವೇನು ಬಂತು ಎಂದು ಕೇಳಿದವರಿಗೆ ಅವರು ಉತ್ತರ ಹೇಳುತ್ತಿರಲಿಲ್ಲ, ಕನ್ನಡಿಯನ್ನು ಬಿಸಿಲಿಗೆ ಹಿಡಿದು ಅದರ ಬೆಳಕನ್ನು ಗೋಡೆಗೆ ಬೀಳಿಸುತ್ತಿದ್ದರು. ಗೀರೊಂದಿಲ್ಲದ ನುಣ್ಣನೆಯ ಮುಖದಿಂದ ಹೊರಟ ಬೆಳಕಿನೊಳಗೆ, ಬೆನ್ನ ಮೇಲಿದ್ದ ಬಸವಣ್ಣ ಕೊಂಬು, ಡುಬ್ಬ, ಕೊರಳ ಗಂಟೆಯ ಸಮೇತ ಗೋಡೆಯ ಮೇಲೆ ಬಂದು ಕೂರುತ್ತಿದ್ದ. ಗಟ್ಟಿ ಲೋಹವನ್ನು ತೂರಿಕೊಂಡು ದೇವರು ಈಚೆ ಬಂದದ್ದನ್ನು ಕಂಡು ಅರಕಲಗೂಡಿನ ಕಡೆಯವರೂ ಕೈಮುಗಿಯುತ್ತಿದ್ದರು.

ಇದು ಹೇಗಾಗುತ್ತದೆ ಎಂಬುದು ಪಂಗಡದ ಗುಟ್ಟು. ಲೋಹದ ಪಾಕ ಕೂಡಿಸುವವನು ಯಜಮಾನ ಚನ್ನಮಲ್ಲಪ್ಪ. ಎರಕ ಹೊಯ್ಯುವವನು ಕರಿಬಸಪ್ಪ. ಬೆನ್ನಿನ ಚಿತ್ರ ಕೆತ್ತುವವನು ಸಿದ್ದಣ್ಣ. ಎಲ್ಲ ಮುಗಿದ ಮೇಲೆ ಹೊಟ್ಟಿನ ಬೂದಿ ಮತ್ತು ಹರಳೆಣ್ಣೆ ಹಚ್ಚಿ ದಿನಗಟ್ಟಲೆ ಕೂತು ಉಜ್ಜುವ ಕತ್ತೆ ಚಾಕರಿಯೊಂದು ಉಳಿಯುತ್ತಿತ್ತಲ್ಲ, ಅದು ಚನ್ನಮಲ್ಲಪ್ಪನ ಅಳಿಯ ಮರುಳಸಿದ್ದಪ್ಪನದು. ಆತ ಆಲೂರಿನ ಕಡೆಯಿಂದ ಮನೆ ಅಳಿಯನಾಗಿ ಬಂದು ಇಪ್ಪತ್ತು ವರ್ಷವಾಗಿತ್ತು. ಗುಟ್ಟನ್ನು ಅವನಿಗೆ ಯಾರೂ ಹೇಳಿರಲಿಲ್ಲ. ಅವನು ಕೇಳಿಯೂ ಇರಲಿಲ್ಲ, ಕೇಳಿದರೆ ಗೊತ್ತಿಲ್ಲ ಎಂದು ಒಪ್ಪಿಕೊಂಡಂತಾಗುತ್ತದಲ್ಲ! ಸಂತೆಯಲ್ಲಿ ಯಾರಾದರೂ "ಅದೇನು ಮರುಳಸಿದ್ದಪ್ನೋರೆ, ನಿಮ್ಮ ಕನ್ನಡಿ ಗುಟ್ಟು?" ಎಂದರೆ ಅರ್ಧ ಕಣ್ಣು ಮುಚ್ಚಿ, "ಅದನ್ನೆಲ್ಲ ನನ್ನ ಕೈಲಿ ಹೇಳಕ್ಕಾಗುತ್ತಾ?" ಎನ್ನುತ್ತಿದ್ದ. ಈ ಮಾತಿನಲ್ಲಿ ಒಂದಕ್ಷರವೂ ಸುಳ್ಳಿರಲಿಲ್ಲ.

ಆ ವರ್ಷ ತವರ ಸಿಗುವುದು ನಿಂತುಹೋಯಿತು. ಸರ್ಕಾರದ ಪರ್ಮಿಟ್ಟಿಲ್ಲದೆ ತವರವಿಲ್ಲ, ತವರವಿಲ್ಲದೆ ಕನ್ನಡಿಯಿಲ್ಲ. ದೀಪಾವಳಿಯಿಂದೀಚೆಗೆ ಕುಲುಮೆಯೊಳಗೆ ಬೆಕ್ಕು ಮರಿ ಹಾಕಿತ್ತು. ಕರಿಬಸಪ್ಪನಿಗೆ ಐಗೂರಿನ ಕಡೆ ಯಾವುದೋ ಎಸ್ಟೇಟಿನಲ್ಲಿ ಕೂಲಿ ಲೈನುಗಳ ಲೆಕ್ಕ ಬರೆಯುವ ರೈಟರ್ ಕೆಲಸ ಸಿಗುವ ಮಾತಾಗಿತ್ತು. ಸಿದ್ದಣ್ಣ ಎತ್ತಿನ ಗಂಟೆ ಮಾಡಿಕೊಂಡು ಬದುಕುತ್ತೇನೆಂದು ಕೊಡ್ಲಿಪೇಟೆಯಲ್ಲಿ ಮನೆ ನೋಡಿ ಬಂದಿದ್ದ. ಶಿವರಾತ್ರಿಯೊಳಗೆ ಪರ್ಮಿಟ್ ಬಾರದಿದ್ದರೆ ಪಂಗಡ ಮುಗಿದಂತೆಯೇ. ಮರುಳಸಿದ್ದಪ್ಪ ಲೋಯರ್ ಸೆಕೆಂಡರಿ ಪಾಸಾಗಿದ್ದನಾದ್ದರಿಂದ ಅವನನ್ನೇ ಕಾರ್ಯದರ್ಶಿ ಮಾಡಿ, ಮಡಿಕೇರಿಯ ಬಸ್ಸು ಹತ್ತಿಸಿದರು. ಅವನು ಮೂರು ಸಲ ಹೋಗಿ, ಮೂರು ಸಲವೂ ತಪ್ಪು ಕಚೇರಿಯ ಬೆಂಚಿನ ಮೇಲೆ ಕೂತು ಬಂದ. ನಾಲ್ಕನೆಯ ಸಲ ಸರಿಯಾದ ಗುಮಾಸ್ತ ಸಿಕ್ಕಿದ.

"ತಾಮ್ರ, ತವರ, ಇದ್ದಿಲು, ಹೊಟ್ಟಿನ ಬೂದಿ, ಎಣ್ಣೆ," ಎಂದು ಗುಮಾಸ್ತ ಅರ್ಜಿಯ ಒಂಬತ್ತನೆಯ ಕಾಲಮ್ಮು ಓದಿದ. "ಕಚ್ಚಾ ಸಾಮಾನು ಇಷ್ಟೇನಾ?"

"ಇಷ್ಟೇ ಸ್ವಾಮಿ."

"ಇಷ್ಟು ಸಾಮಾನು ನಮ್ಮ ಬೀದಿ ಕಂಚುಗಾರನ ಹತ್ರವೂ ಉಂಟಲ್ಲ. ಅವ ಮಾಡಿದ ಚೆಂಬು ಬಿಸಿಲಲ್ಲಿಟ್ರೆ ಬಿಸಿ ಆಗ್ತದೆ, ಅಷ್ಟೆ. ನಿಮ್ಮದ್ರಲ್ಲಿ ಮಾತ್ರ ಬಸವಣ್ಣ ಹೇಗೆ ಬರ್ತಾನೆ? ಏನೋ ಒಂದು ಸಾಮಾನು ಬಿಟ್ಟಿದ್ದೀರಿ. ಪೂರ್ತಿ ಬರೀದಿದ್ರೆ ಅರ್ಜಿ ವಾಪಸು. ಕಾರ್ಯದರ್ಶಿ ಅಂತ ಇಷ್ಟುದ್ದ ಸೈನ್ ಹಾಕಿದ್ದೀರಿ, ನಿಮಗೇ ಗೊತ್ತಿಲ್ವಾ?"

ಹಿಂದೆ ನಿಂತಿದ್ದ ನಾಲ್ಕು ಜನ ಕತ್ತು ಉದ್ದ ಮಾಡಿದರು. ಅವರಲ್ಲೊಬ್ಬ ಶನಿವಾರಸಂತೆಯವನು. ಮರುಳಸಿದ್ದಪ್ಪ ಅರ್ಧ ಕಣ್ಣು ಮುಚ್ಚಿ ಪೆನ್ನು ತೆಗೆದುಕೊಂಡು ಎಣ್ಣೆಯ ಕೆಳಗೆ ಬರೆದ: ಮಂತ್ರ – ೧.

ಮೂರು ವಾರದ ಮೇಲೆ ಉತ್ತರ ಬಂತು. ಚಾವಡಿಯಲ್ಲಿ ಐದೂ ಮನೆಯವರು ಸೇರಿದರು. ಮರುಳಸಿದ್ದಪ್ಪ ಗಂಟಲು ಸರಿಮಾಡಿಕೊಂಡು ಓದಿದ:

"ನಿಮ್ಮ ಅರ್ಜಿಯಲ್ಲಿ ಕಚ್ಚಾ ಸಾಮಾನಾಗಿ 'ಮಂತ್ರಿ – ೧' ಎಂದು ನಮೂದಿಸಿರುತ್ತೀರಿ. ರಾಜ್ಯದಲ್ಲಿ ಹಾಲಿ ಇರುವ ಮಂತ್ರಿಗಳು ಇಬ್ಬರೇ ಆಗಿರುವುದರಿಂದಲೂ, ಇಬ್ಬರೂ ಅನ್ಯ ಕೆಲಸಗಳಲ್ಲಿ ತೊಡಗಿರುವುದರಿಂದಲೂ, ಒಬ್ಬರನ್ನು ನಿಮ್ಮ ಕುಲುಮೆಗೆ ಒದಗಿಸಲು ಸಾಧ್ಯವಾಗುವುದಿಲ್ಲ. ಬದಲಿ ಸಾಮಾನು ಸಾಕಾದೀತೇ ಎಂಬುದನ್ನು ತಿಳಿಸತಕ್ಕದ್ದು."

ಚಾವಡಿ ಗಾಬರಿಯಾಯಿತು. ಮಂತ್ರಿಯನ್ನು ಕುಲುಮೆಗೆ ಹಾಕುತ್ತೇವೆಂದು ಬರೆದುಕೊಟ್ಟರೆ ಪೊಲೀಸರು ಬರುತ್ತಾರೆಯೇ, ಮಿಲಿಟರಿ ಬರುತ್ತದೆಯೇ ಎಂಬ ಚರ್ಚೆ ಎದ್ದಿತು. ಸಿದ್ದಣ್ಣ ಆಗಲೇ ಚಪ್ಪಲಿ ಹುಡುಕತೊಡಗಿದ.

"ಅಯ್ಯೋ, ಮಂತ್ರಿ ಅಲ್ರಯ್ಯಾ!" ಎಂದು ಮರುಳಸಿದ್ದಪ್ಪ ಕೂಗಿದ. "ಅವ್ರು ತಪ್ಪು ಓದ್ಕೊಂಡವ್ರೆ. ನಾನು ಬರೆದಿದ್ದು ಮಂತ್ರ!"

ಗಾಬರಿ ಥಟ್ಟನೆ ನಿಂತಿತು. ಅದರ ಜಾಗದಲ್ಲಿ ಇನ್ನೇನೋ ಬಂದು ಕೂತಿತು.

"ಯಾವ ಮಂತ್ರ?" ಎಂದ ಕರಿಬಸಪ್ಪ.

ಮರುಳಸಿದ್ದಪ್ಪ ಕಾಗದವನ್ನು ನಾಲ್ಕಾಗಿ ಮಡಿಸತೊಡಗಿದ.

"ಮೂವತ್ತು ವರ್ಷ ಎರಕ ಹೊಯ್ದಿದೀನಿ. ಗುಟ್ಟೆಲ್ಲ ಎರಕದಲ್ಲೇ ಅದೆ ಕಣ್ಲಾ ಅಂತ ನಮ್ಮಪ್ಪ ಸಾಯೋವಾಗ ಕಿವೀಲಿ ಹೇಳಿ ಹೋದ. ಈಗ ನೋಡಿದ್ರೆ ಮಂತ್ರ ಬೇರೆ ಅದೆ!"

"ಎರಕದಲ್ಲಿ ಅಂದ್ರಾ ನಿಮ್ಮಪ್ಪ?" ಎಂದು ಸಿದ್ದಣ್ಣ ಚಪ್ಪಲಿ ಕೆಳಗಿಟ್ಟ. "ಕೆತ್ತನೇಲಿ ಅದೆ ಅಂತ ನಮ್ಮಪ್ಪ ನನ್ನ ಕಿವೀಲಿ ಹೇಳಿದ್ರಲ್ಲ!"

ಇಬ್ಬರೂ ಒಬ್ಬರ ಮುಖವೊಬ್ಬರು ನೋಡಿಕೊಂಡರು. ಆಮೇಲೆ ಇಬ್ಬರೂ ಒಟ್ಟಿಗೆ ಯಜಮಾನನ ಕಡೆ ತಿರುಗಿದರು. ಚನ್ನಮಲ್ಲಪ್ಪ ಮೂರು ಮಾತಿಗೆ ಒಂದು ಮಾತೂ ಆಡದ ಮನುಷ್ಯ. ಬಾಯಲ್ಲಿದ್ದ ಅಡಕೆ ಹೋಳನ್ನು ಎಡ ದವಡೆಯಿಂದ ಬಲ ದವಡೆಗೆ ಸಾಗಿಸಿ, "ನಾನ್ಯಾವ ಮಂತ್ರಾನೂ ಯಾರಿಗೂ ಹೇಳಿಲ್ಲ," ಎಂದ.

ಅದು ನಿಜವಾಗಿತ್ತು, ಆದ್ದರಿಂದ ಯಾರೂ ನಂಬಲಿಲ್ಲ.

"ಅಳಿಯನ ಕಿವಿಗೆ ಹಾಕಿದೀಯ, ನಮಗೆ ಬೂದಿ ಹಚ್ಚಿದೀಯ!" ಎಂದು ಕರಿಬಸಪ್ಪ ಎದ್ದುನಿಂತ.

ಆಗಲೇ ಮರುಳಸಿದ್ದಪ್ಪ ನಿಜ ಹೇಳಿಬಿಡಬಹುದಿತ್ತು. ಬಾಯಿಯನ್ನೂ ತೆರೆದಿದ್ದ. ಅಷ್ಟರಲ್ಲಿ ಯಾರೋ ಅವನು ಕೂತಿದ್ದ ಗೋಣಿಚೀಲವನ್ನು ಎಳೆದು, ಅವನ ಕೆಳಗೆ ಕಂಬಳಿ ಹಾಸಿದರು. ಇಪ್ಪತ್ತು ವರ್ಷದಲ್ಲಿ ಆ ಚಾವಡಿಯ ಕಂಬಳಿ ಅವನಿಗೆ ಸಿಕ್ಕಿದ್ದು ಅದೇ ಮೊದಲು. ಬೆಚ್ಚಗಿತ್ತು. ಅವನು ಬಾಯಿ ಮುಚ್ಚಿದ.

ಮನೆಗೆ ಹೋದರೆ ಹೆಂಡತಿ ಸುಲೋಚನಮ್ಮ ಬಾಗಿಲಲ್ಲೇ ನಿಂತಿದ್ದಳು. "ಇಪ್ಪತ್ತು ವರ್ಷ ನಿಮಗೆ ರೊಟ್ಟಿ ಬಡಿದು ಹಾಕಿದೀನಿ. ನಮ್ಮಪ್ಪ ನಿಮಗೆ ಮಂತ್ರ ಹೇಳಿಕೊಟ್ಟಿದ್ದನ್ನ ಊರೋರ ಬಾಯಲ್ಲಿ ಕೇಳ್ಬೇಕಾ ನಾನು?"

"ಇಲ್ಲ ಕಣೆ, ಮಂತ್ರಾನೇ ಇಲ್ಲ."

"ನನ್ನತ್ರಾನೂ ಮುಚ್ಚಿಡ್ತೀರ!" ಎಂದವಳು ಆ ಕ್ಷಣದಿಂದ ಮಾತು ಬಿಟ್ಟಳು. ಬೆಳಗಿನಿಂದ ಸಂಜೆಯವರೆಗೆ ಒಲೆ, ಹಸು, ಮಳೆ, ಮೈದುನ ಎಂದು ಒಂದಿಲ್ಲೊಂದಕ್ಕೆ ದನಿಯೆತ್ತುತ್ತಿದ್ದ ಹೆಂಗಸು ಸುಮ್ಮನಾದ ಮೇಲೆ ಆ ಮನೆಯಲ್ಲಿ ಗೋಡೆ ಗಡಿಯಾರದ ಸದ್ದು ಕೇಳತೊಡಗಿತು. ಮನೆಯಲ್ಲಿ ಗಡಿಯಾರ ನಡೆಯುತ್ತಿದೆ ಎಂಬುದೇ ಮರುಳಸಿದ್ದಪ್ಪನಿಗೆ ಆಗ ಗೊತ್ತಾಯಿತು.

ಸುದ್ದಿ ಸಂತೆಗೆ ಹೋಯಿತು, ಸಂತೆಯಿಂದ ನೆಂಟರ ಮನೆಗಳಿಗೆ ಹೋಯಿತು. ಕೊಡ್ಲಿಪೇಟೆಯಿಂದ ಅವನ ಚಿಕ್ಕಮ್ಮ ಮಹಾದೇವಮ್ಮ ಒಂದು ಎಮ್ಮೆ ಹೊಡೆದುಕೊಂಡು ನಡೆದೇ ಬಂದಳು. ಎಮ್ಮೆ ಕೆಚ್ಚಲಿಗೆ ಹಾಲಿಳಿಸುವುದನ್ನು ನಿಲ್ಲಿಸಿ ಎಂಟು ದಿನವಾಗಿತ್ತಂತೆ.

"ಇದರ ಕಿವೀಲಿ ಒಂದ್ಸಲ ಅಂದುಬಿಡಪ್ಪ. ನನಗೇನೂ ಕೇಳ್ಸೋದು ಬೇಡ. ನಾನು ಕಿವಿ ಮುಚ್ಕೊಂಡು ಆ ಕಡೆ ತಿರುಗಿ ನಿಂತ್ಕೋತೀನಿ."

"ಚಿಕ್ಕಮ್ಮ, ಅದು ಕನ್ನಡಿಗೆ ಕಣಮ್ಮ."

"ಗಟ್ಟಿ ಲೋಹ ಬಸವಣ್ಣನ್ನ ಬಿಟ್ಟುಕೊಡುತ್ತೆ, ಎಮ್ಮೆ ಹಾಲು ಬಿಟ್ಟುಕೊಡಲ್ವಾ?"

ಅವನು ಬಗ್ಗಿ ಎಮ್ಮೆಯ ಕಿವಿಯಲ್ಲಿ, "ತಾಯಿ, ಮಾನ ಉಳಿಸು," ಎಂದ. ದಾರಿಯುದ್ದಕ್ಕೂ ಹಸಿ ಹುಲ್ಲು ಮೇಯುತ್ತ ಬಂದಿದ್ದ ಎಮ್ಮೆ ಅಂದು ಸಂಜೆ ಒಂದೂವರೆ ಸೇರು ಕರೆಯಿತು. ಮಾರನೆಯ ದಿನ ಚಾವಡಿಯ ಮುಂದೆ ಹನ್ನೊಂದು ಎಮ್ಮೆ, ಒಂದು ಮೊಂಡು ಹೋರಿ, ಸೈಕಲ್ ಕಳೆದುಕೊಂಡ ಒಬ್ಬ ಕಾನ್‌ಸ್ಟೇಬಲ್ಲು ನಿಂತಿದ್ದರು.

ಈ ಗೊಂದಲದ ನಡುವೆಯೇ ಪಂಗಡದ ತಿದ್ದುಪಡಿ ಪತ್ರ ಮಡಿಕೇರಿ ಸೇರಿತ್ತು. ಮಂತ್ರಿಯಲ್ಲ ಮಂತ್ರ ಎಂಬುದು ಮೇಲಿನವರಿಗೆ ಅರ್ಥವಾಗಿ ಅವರು ನಿಟ್ಟುಸಿರು ಬಿಟ್ಟು, ದಾಸ್ತಾನು ಪರಿಶೀಲನೆಗೆ ಇನ್ಸ್‌ಪೆಕ್ಟರ್ ಬೆಳ್ಯಪ್ಪನವರನ್ನು ಕಳಿಸಿದರು.

ಬೆಳ್ಯಪ್ಪನವರು ಪೊನ್ನಂಪೇಟೆ ಕಡೆಯವರು. ಯುದ್ಧದ ಕಾಲದಲ್ಲಿ ಆರು ವರ್ಷ ಮಿಲಿಟರಿ ಸ್ಟೋರ್ಸಿನಲ್ಲಿದ್ದವರು. ಇಸ್ತ್ರಿ ಮಾಡಿದ ಖಾಕಿ ಚಡ್ಡಿ, ಸೋಲಾ ಹ್ಯಾಟು, ಹಿಂದೆ ಫೈಲು ಹೊತ್ತ ಜವಾನ ಚಿನ್ನ. ಬಂದವರು ಕಾಫಿಯನ್ನೂ ಮುಟ್ಟದೆ ನೋಟುಬುಕ್ಕು ಬಿಚ್ಚಿದರು.

"ತಾಮ್ರ, ಓಕೆ. ಬೂದಿ, ಓಕೆ. ಮಂತ್ರದ ಸ್ಟಾಕ್ ಎಲ್ಲುಂಟು?"

"ಬಾಯಲ್ಲಿ ಸ್ವಾಮಿ," ಎಂದ ಸಿದ್ದಣ್ಣ.

"ಯಾರ ಬಾಯಿ?"

ಐದೂ ಮನೆಯ ಬೆರಳುಗಳು ಮರುಳಸಿದ್ದಪ್ಪನ ಕಡೆ ತಿರುಗಿದವು. ಬೆಳ್ಯಪ್ಪನವರು ಅವನ ಬಾಯಿಯನ್ನು ಹತ್ತಿರದಿಂದ ನೋಡಿ ಬರೆದುಕೊಂಡರು: 'ದಾಸ್ತಾನು ಸ್ಥಳ, ಕಾರ್ಯದರ್ಶಿಯ ಬಾಯಿ. ಬೀಗ ಇಲ್ಲ.'

"ಒಂದೇ ಅಂತ ತೋರಿಸಿದ್ದೀರಿ. ಅದು ಖರ್ಚಾದ್ರೆ?"

"ಹೇಳಿದಷ್ಟೂ ಮುಗಿಯಲ್ಲ ಸ್ವಾಮಿ," ಎಂದ ಮರುಳಸಿದ್ದಪ್ಪ ಸಣ್ಣ ದನಿಯಲ್ಲಿ.

"ಹಾಗಾದ್ರೆ ಇದು ಕಚ್ಚಾ ಸಾಮಾನು ಹೇಗಾಯ್ತು ಮಾರಾಯ? ಟೂಲ್ಸ್ ಹೆಡ್ಡಿಗೆ ಹೋಗ್ಬೇಕಲ್ಲ! ಸುತ್ತಿಗೆ ಜೊತೆ." ಅವರು ಹ್ಯಾಟು ತೆಗೆದು ಹಣೆ ಒರೆಸಿಕೊಂಡರು. "ನೋಡಿ, ನಾನು ಬರ್ಮಾದಲ್ಲೇ ಒಂದು ಮೊಳೆಯನ್ನೂ ನೋಡದೆ ಪಾಸ್ ಮಾಡಿದವ ಅಲ್ಲ. ಟೆಸ್ಟ್ ಮಾಡ್ಬೇಕು. ಎರಡು ಕನ್ನಡಿ. ಒಂದು ವಿತ್ ಮಂತ್ರ, ಒಂದು ವಿದೌಟ್ ಮಂತ್ರ. ವ್ಯತ್ಯಾಸ ಉಂಟಾದ್ರೆ ಪರ್ಮಿಟ್. ಇಲ್ಲದಿದ್ರೆ ಸುಳ್ಳು ಹೇಳಿಕೆ. ಅರ್ಜಿ ಖಾಯಂ ವಜಾ, ಸೈನ್ ಹಾಕಿದವನ ಮೇಲೆ ಕೇಸು. ಇಗ್ಗುತಪ್ಪನಾಣೆ, ನನ್ನ ಹತ್ರ ಬೇರೆ ದಾರಿ ಇಲ್ಲ."

ಕುಲುಮೆಯ ಮೂಲೆಯಲ್ಲಿ ಉಳಿದಿದ್ದ ತವರ ಸರಿಯಾಗಿ ಎರಡು ಕನ್ನಡಿಗೆ ಸಾಕಾಗುವಷ್ಟಿತ್ತು. ಬೆಕ್ಕನ್ನೂ ಮರಿಗಳನ್ನೂ ಬೇರೆ ಕಡೆ ಸಾಗಿಸಿ ಬೆಂಕಿ ಹಾಕಿದರು. ಚನ್ನಮಲ್ಲಪ್ಪ ಪಾಕ ಕೂಡಿಸಿದ. ವಿದೌಟ್ ಕನ್ನಡಿಯನ್ನು ಮೊದಲು ಎರೆದದ್ದಾಯಿತು. ಆಗ ಮರುಳಸಿದ್ದಪ್ಪನನ್ನು ತೊರೆಯಾಚೆ ನಿಲ್ಲಿಸಿ, ಬಾಯಿಗೆ ವಸ್ತ್ರ ಕಟ್ಟಿ, ಚಿನ್ನನನ್ನು ಕಾವಲಿಟ್ಟಿದ್ದರು. ಮಂತ್ರ ಗಾಳಿಯಲ್ಲಿ ತೇಲಿ ಬಂದು ಟೆಸ್ಟು ಕೆಡಬಾರದಲ್ಲ.

ಆಮೇಲೆ ಅವನನ್ನು ಕರೆತಂದರು. ಕರಿಬಸಪ್ಪ ಕಾದ ಮೂಸೆಯನ್ನು ಇಕ್ಕುಳದಲ್ಲಿ ಎತ್ತಿ ಹಿಡಿದು, "ಹೂಂ, ಹೇಳು," ಎಂದ. ಇಡೀ ಊರು ಉಸಿರು ಹಿಡಿದು ನಿಂತಿತ್ತು. ಕರಿಬಸಪ್ಪನಂತೂ ಒಂದಕ್ಷರ ತಪ್ಪಬಾರದೆಂದು ರುಮಾಲನ್ನು ಕಿವಿಯ ಮೇಲಕ್ಕೆ ಸರಿಸಿಕೊಂಡಿದ್ದ.

ಮರುಳಸಿದ್ದಪ್ಪನಿಗೆ ಬರುತ್ತಿದ್ದ ವಚನ, ಮಗ್ಗಿ, ಮಂಗಳಾರತಿಯ ಪದ ಎಲ್ಲವೂ ಆ ಕ್ಷಣದಲ್ಲಿ ತಲೆಯಿಂದ ಖಾಲಿಯಾಗಿದ್ದವು. ಕಿವಿಯಲ್ಲಿ ಉಳಿದಿದ್ದು ಒಂದೇ ಸದ್ದು, ನಾಲ್ಕು ಸಲ ಹೋಗಿ ನಾಲ್ಕು ಸಲ ಬಂದ ಬಸ್ಸಿನ ಕಂಡಕ್ಟರನ ಕೂಗು. ಕಣ್ಣು ಮುಚ್ಚಿ ಅದನ್ನೇ ಹಿಡಿದ:

"ಓಂ ಶನಿವಾರಸಂತಾಯ, ಗೌಡಳ್ಳೀಶ್ವರಾಯ, ಸೋಮವಾರಪೇಟಾಯ, ಐಗೂರಾಯ, ಮಾದಾಪುರಾಯ, ಹಟ್ಟಿಹೊಳಾಯ, ಮಕ್ಕಂದೂರಾಯ, ಮಡಿಕೇರೀಶ್ವರಾಯ ನಮಃ!"

ಎಷ್ಟು ವೇಗವಾಗಿ ಹೇಳಿದನೆಂದರೆ ಎರಕ ಅಚ್ಚು ತುಂಬುವಷ್ಟರಲ್ಲಿ ಎರಡು ಸಲ ಮಡಿಕೇರಿ ಮುಟ್ಟಿದ್ದ. ಹೆಂಗಸರು ಕೈಮುಗಿದರು. ಚಿನ್ನ ಮಾತ್ರ ಹುಬ್ಬು ಗಂಟುಹಾಕಿ, "ಸಾರ್, ಇದು ನಮ್ಮ ಬಸ್ಸು..." ಎಂದು ಶುರುಮಾಡಿದ.

"ಶ್! ದೇವರ ವಿಷಯ ಮಾತಾಡೋವಾಗ ಬಸ್ಸು ಗಿಸ್ಸು ಅಂತೀಯಾ?" ಎಂದು ಬೆಳ್ಯಪ್ಪನವರು ಗದರಿಸಿ ಹ್ಯಾಟು ತೆಗೆದರು.

ಸಿದ್ದಣ್ಣ ಎರಡೂ ಕನ್ನಡಿಯ ಬೆನ್ನಿನ ಮೇಲೆ ಒಂದೇ ಅಳತೆಯ ಬಸವಣ್ಣನನ್ನು ತಿದ್ದಿ ಕೊಟ್ಟ. ಉಜ್ಜುವ ಕೆಲಸಕ್ಕೂ ಕಾನೂನು ಬಂತು. ವಿದೌಟ್ ಕನ್ನಡಿಯನ್ನು ಮರುಳಸಿದ್ದಪ್ಪ ಮುಟ್ಟುವ ಹಾಗಿಲ್ಲ, ಅದನ್ನು ಕರಿಬಸಪ್ಪ ತನ್ನ ಕೊಟ್ಟಿಗೆಯಲ್ಲಿ ಕೂತು ಉಜ್ಜಬೇಕು. ವಿತ್ ಕನ್ನಡಿಯನ್ನು ಮರುಳಸಿದ್ದಪ್ಪ ಚಾವಡಿಯಲ್ಲಿ, ಇನ್ಸ್‌ಪೆಕ್ಟರರ ಕಣ್ಣೆದುರು, ಮಂತ್ರ ಬಿಡದೆ ಹೇಳುತ್ತ ಉಜ್ಜಬೇಕು. ಏಳು ದಿನ ಹೀಗೆ ನಡೆಯಿತು. ಮರುಳಸಿದ್ದಪ್ಪ ದಿನಕ್ಕೆ ಮುನ್ನೂರು ಸಲ ಮಡಿಕೇರಿಗೆ ಹೋದ. ಒಂದೊಂದು ಸಲ ಮಾದಾಪುರದ ಹತ್ತಿರ ನಾಲಗೆ ತೊಡರಿ, ಪುನಃ ಶನಿವಾರಸಂತೆಯಿಂದ ಹೊರಡಬೇಕಾಗುತ್ತಿತ್ತು. ಕೇಸಾದರೆ ಯಾವ ಜೈಲು, ಜೈಲಿನಲ್ಲಿ ರೊಟ್ಟಿ ಕೊಡುತ್ತಾರೆಯೇ ಎಂದು ಯೋಚಿಸಲೂ ಪುರುಸೊತ್ತಿರಲಿಲ್ಲ.

ಎಂಟನೆಯ ದಿನ ಬೆಳಗ್ಗೆ ಮಂಜು ಸರಿದು ಬಿಸಿಲು ಬಂತು. ಚಾವಡಿಯ ಗೋಡೆಗೆ ಹೊಸದಾಗಿ ಸುಣ್ಣ ಬಳಿದಿದ್ದರು. ಮೊದಲು ಕರಿಬಸಪ್ಪ ತನ್ನ ಕನ್ನಡಿ ಹಿಡಿದ. ಮೂವತ್ತು ವರ್ಷದ ಎರಕದ ಹೆಮ್ಮೆಯೆಲ್ಲ ಅವನ ಮುಖದ ಮೇಲಿತ್ತು. ಗೋಡೆಯ ಮೇಲೆ ದುಂಡನೆಯ ಬೆಳಕು ಬಿತ್ತು. ಅದರಲ್ಲಿ ಬಸವಣ್ಣನಿರಲಿ, ಬಸವಣ್ಣನ ಬಾಲವೂ ಇರಲಿಲ್ಲ. ಕರಿಬಸಪ್ಪ ಕನ್ನಡಿ ಓರೆ ಮಾಡಿದ, ನೇರ ಮಾಡಿದ, ಪಂಚೆಯಲ್ಲಿ ಒರೆಸಿದ. ಬೆಳಕು ಹುಣ್ಣಿಮೆ ಚಂದ್ರನ ಹಾಗೆ ಬೋಳಾಗಿಯೇ ಇತ್ತು.

ಮರುಳಸಿದ್ದಪ್ಪ ಕಣ್ಣು ಬಿಗಿಯಾಗಿ ಮುಚ್ಚಿಕೊಂಡು ತನ್ನ ಕನ್ನಡಿ ಎತ್ತಿದ. ಜನ "ಹೋ!" ಎಂದರು. ಅದು ಉಗಿಯುವ ಹೋ ಇರಬೇಕೆಂದು ಅವನು ಕಣ್ಣು ತೆರೆಯಲೇ ಇಲ್ಲ. ಸಿದ್ದಣ್ಣ ಭುಜ ಅಲ್ಲಾಡಿಸಿದ ಮೇಲೆ ಒಂದು ಕಣ್ಣು ತೆರೆದು ನೋಡಿದರೆ, ಗೋಡೆಯ ಮೇಲೆ ಕೊಂಬು, ಡುಬ್ಬ, ಕೊರಳ ಗಂಟೆ ಸಮೇತ ಬಸವಣ್ಣ ಕಾಲು ಮಡಿಸಿ ಕೂತಿದ್ದಾನೆ. ಆ ಇಡೀ ಗುಂಪಿನಲ್ಲಿ ಎಲ್ಲರಿಗಿಂತ ಹೆಚ್ಚು ಆಶ್ಚರ್ಯಪಟ್ಟವನು ಅವನೇ. ಹೋಗಿ ಗೋಡೆ ಮುಟ್ಟಿ ನೋಡಿದ.

ಬೆಳ್ಯಪ್ಪನವರು ಅಟೆನ್ಷನ್ನಿನಲ್ಲಿ ನಿಂತು ಒಂದು ಸಲ್ಯೂಟು ಹೊಡೆದರು. ಗೋಡೆಗೋ ಮರುಳಸಿದ್ದಪ್ಪನಿಗೋ ತಿಳಿಯಲಿಲ್ಲ. ವರದಿಯಲ್ಲಿ, 'ಮಂತ್ರ: ಪರೀಕ್ಷಿಸಿದೆ, ತೃಪ್ತಿಕರ. ಪರ್ಮಿಟ್ ಕೊಡಬಹುದು' ಎಂದು ಬರೆದರು. "ಹ್ಞಾ, ಒಂದು ವಿಷಯ," ಎಂದರು ಹೊರಡುವಾಗ. "ತವರ ಮೊದಲು ಸ್ವಲ್ಪವೇ ಬರ್ತದೆ. ಅದರಲ್ಲಿ ಒಂದು ಕನ್ನಡಿ ಮಾಡಿ ಶಿವರಾತ್ರಿಯೊಳಗೆ ಮಡಿಕೇರಿಗೆ ಕಳ್ಸಿ. ದೊಡ್ಡವರು ಕಣ್ಣಾರೆ ನೋಡಿದ ಮೇಲೆ ಬಾಕಿ ರಿಲೀಸ್."

ಅಂದು ಮಧ್ಯಾಹ್ನ ಚನ್ನಮಲ್ಲಪ್ಪ ಅಳಿಯನನ್ನು ಕುಲುಮೆಯ ಹಿಂದೆ ಕರೆದ. ಕಟ್ಟೆಯ ಮೇಲೆ ಪಕ್ಕದಲ್ಲೇ ಕೂರಿಸಿಕೊಂಡ. ಮರುಳಸಿದ್ದಪ್ಪನಿಗೆ ತಡೆಯಲಾಗಲಿಲ್ಲ.

"ಮಾವ, ತಪ್ಪಾಯ್ತು. ಅದು ಮಂತ್ರ ಅಲ್ಲ. ಬಸ್ಸಿನ ಸ್ಟಾಪುಗಳು."

"ಗೊತ್ತು. ನಾನೂ ಅದೇ ಬಸ್ಸಲ್ಲಿ ಓಡಾಡೋನು."

"ಮತ್ತೆ ಬಸವಣ್ಣ ಹೆಂಗೆ ಬಂದ?"

ಚನ್ನಮಲ್ಲಪ್ಪ ಬಾಯಿಂದ ಅಡಕೆ ತೆಗೆದು ಪಕ್ಕಕ್ಕೆ ಎಸೆದ. ಮಾತು ಉದ್ದವಿದೆ ಎಂಬುದು ಅದರಿಂದಲೇ ತಿಳಿಯಿತು. "ನಿನ್ನ ಕೈ ಕೊಡಿಲ್ಲಿ," ಎಂದು ಅಳಿಯನ ಬಲಗೈ ಹಿಡಿದು ತಿರುಗಿಸಿದ. ಬೂದಿ ಹೊಕ್ಕು ಕಪ್ಪಾದ, ದಡ್ಡುಗಟ್ಟಿದ ಕೈ. "ಇದ್ರಲ್ಲಿ ಅದೆ ಕಣಪ್ಪ. ಎರಕದಲ್ಲೂ ಇಲ್ಲ, ಕೆತ್ತನೇಲೂ ಇಲ್ಲ. ಬೆನ್ನಲ್ಲಿ ಚಿತ್ರ ಇರೋ ಕಡೆ ಲೋಹ ದಪ್ಪ, ಇಲ್ದಿರೋ ಕಡೆ ತೆಳು. ಉಜ್ಜೋವಾಗ ತೆಳುಗಿರೋದು ಕೈ ಕೆಳಗೆ ಕೂದಲೆಳೆಯಷ್ಟು ಬಗ್ಗುತ್ತೆ, ದಪ್ಪಗಿರೋದು ಬಗ್ಗಲ್ಲ. ಅಷ್ಟೇ ಏರುಪೇರು. ನಮ್ಮ ಕಣ್ಣಿಗೆ ಕಾಣಲ್ಲ, ಬಿಸಿಲಿಗೆ ಕಾಣುತ್ತೆ. ಕೈ ಒಂದೇ ಸಮ ಹೋಗ್ಬೇಕು, ಅದೇ ಗುಟ್ಟು. ನನ್ನ ಕೈ ನಡುಗಕ್ಕೆ ಶುರುವಾದಾಗ ನಿನ್ನ ತಂದು ಕೂರಿಸ್ದೆ. ಇಪ್ಪತ್ತು ವರ್ಷದಿಂದ ಬಸವಣ್ಣನ್ನ ಕರೀತಾ ಇರೋನು ನೀನೇ."

ಮರುಳಸಿದ್ದಪ್ಪ ತನ್ನ ಕೈಯನ್ನೇ ನೋಡಿಕೊಂಡ. ಕಣ್ಣು ಮಂಜಾಯಿತು. "ಇಪ್ಪತ್ತು ವರ್ಷ ಮಾವ! ಒಂದು ದಿನನಾದ್ರೂ ನನಗೆ ಹೇಳ್ಬಾರ್ದಿತ್ತಾ?"

"ಹೇಳಿದ್ರೆ ನೀನು ಯೋಚ್ನೆ ಮಾಡ್ತಿದ್ದೆ."

"ಮಾಡಿದ್ರೆ?"

"ನೀನು ಯೋಚ್ನೆ ಮಾಡಿ ಮಾಡಿದ ಕೆಲ್ಸ ಒಂದಾದ್ರೂ ನೆಟ್ಟಗಾಗಿದ್ದು ಉಂಟಾ?"

ಮರುಳಸಿದ್ದಪ್ಪ ಬಹಳ ಹೊತ್ತು ನೆನಪು ಮಾಡಿಕೊಂಡ. ಒಂದೂ ಸಿಗಲಿಲ್ಲ. "ಮತ್ತೆ ಈಗ ಯಾಕೆ ಹೇಳಿದ್ರಿ?"

"ಸುಮ್ನಿದ್ರೆ ನೀನು ಆ ಬಸ್ಸನ್ನ ನಂಬ್ಕೊಂಡು ಎಮ್ಮೆಗಳಿಗೆಲ್ಲ ಉಪದೇಶ ಶುರುಮಾಡ್ತಿದ್ದೆ," ಎಂದು ಮುದುಕ ಎದ್ದು ಹೋದ. ಸಂಜೆ ಚಾವಡಿಯಲ್ಲಿ ಉಳಿದವರಿಗೂ ವಿಷಯ ಹೇಳಿದ್ದಾಯಿತು. ಕರಿಬಸಪ್ಪನೂ ಸಿದ್ದಣ್ಣನೂ ತಲೆಯಾಡಿಸಿದರು. ಇಬ್ಬರೂ ಒಳಗೊಳಗೆ ತಮ್ಮ ತಮ್ಮ ಅಪ್ಪಂದಿರನ್ನೇ ನಂಬಿದರು.

ವಾರದೊಳಗೆ ತವರ ಬಂತು. ಸಣ್ಣ ಗಟ್ಟಿ, ಮೂರು ಕನ್ನಡಿಗೆ ಸಾಕಾಗುವಷ್ಟು. ಶಿವರಾತ್ರಿಗೆ ಹದಿನೆಂಟು ದಿನವಿತ್ತು.

ಮರುಳಸಿದ್ದಪ್ಪ ಸ್ನಾನ ಮಾಡಿ, ವಿಭೂತಿ ಹಚ್ಚಿ, ಚಾವಡಿಯ ಕಂಬಳಿಯ ಮೇಲೆ ಕೂತ. ಇದುವರೆಗೆ ಉಜ್ಜುತ್ತಿದ್ದವನು ಬರೀ ಅಳಿಯ. ಈಗ ಕೂತವನು ಗುಟ್ಟು ಬಲ್ಲವನು. ತನ್ನ ಕೈಯನ್ನೇ ನೋಡುತ್ತ, ಹೆಬ್ಬೆರಳಿನ ಭಾರ ಹೆಚ್ಚಾಯಿತೇ, ಕಿರುಬೆರಳು ಹಿಂದೆ ಬಿತ್ತೇ ಎಂದು ಲೆಕ್ಕ ಹಾಕುತ್ತ ಆರು ದಿನ ಉಜ್ಜಿದ. ಬಿಸಿಲಿಗೆ ಹಿಡಿದರೆ ಗೋಡೆಯ ಮೇಲೆ ಬಸವಣ್ಣ ಬಂದ. ಆದರೆ ತಲೆ ಇರಲಿಲ್ಲ, ಕಾಲು ಐದಿದ್ದವು. ಎರಡನೆಯ ಕನ್ನಡಿಗೆ ಇನ್ನೂ ಎಚ್ಚರ ವಹಿಸಿದ. ಗೋಡೆಯ ಮೇಲೆ ಹಲಸಿನ ಹಣ್ಣಿನಂಥದೊಂದು ಬಂದು ಕೂತಿತು.

"ಬಸ್ಸು ಹೇಳಿ ನೋಡಪ್ಪ," ಎಂದು ಸಿದ್ದಣ್ಣ ಸಲಹೆ ಕೊಟ್ಟ. ಹೇಳಿ ನೋಡಿದ. ಈಗ ಗುಟ್ಟು ಕೈಯಲ್ಲಿದೆಯೆಂದು ಗೊತ್ತಿದ್ದುದರಿಂದ ನಾಲಗೆ ಮಾತ್ರ ಸೋಮವಾರಪೇಟೆಗೆ ಹೋಯಿತು, ಮನಸ್ಸು ಹೆಬ್ಬೆರಳ ಮೇಲೆಯೇ ಕೂತಿತ್ತು.

ಮೂರನೆಯದೇ ಕೊನೆಯ ಕನ್ನಡಿ. ಆರು ದಿನವಷ್ಟೇ ಬಾಕಿ. ಹಿರಿಯರೆಲ್ಲ ಸುತ್ತ ನಿಂತು, "ಯೋಚ್ನೆ ಮಾಡ್ಬೇಡ ಕಣಪ್ಪ, ಯೋಚ್ನೆ ಮಾಡ್ಬೇಡ," ಎಂದು ಪಾಳಿಯ ಮೇಲೆ ಹೇಳತೊಡಗಿದರು. ಯೋಚನೆ ಮಾಡದೇ ಇರುವುದು ಹೇಗೆಂದು ಅವನು ಬಹಳ ಆಳವಾಗಿ ಯೋಚಿಸತೊಡಗಿದ. ಕರಿಬಸಪ್ಪ ಎಸ್ಟೇಟಿನ ರೈಟರ್ ಕೆಲಸ ಇನ್ನೂ ಖಾಲಿಯಿದೆಯೇ ಎಂದು ವಿಚಾರಿಸಲು ಕಾಗದ ಬರೆಸಿದ.

ಎರಡನೆಯ ದಿನ ಮಧ್ಯಾಹ್ನ ಸುಲೋಚನಮ್ಮ ಬುತ್ತಿ ತೆಗೆದುಕೊಂಡು ಚಾವಡಿಗೆ ಬಂದಳು. ಚಾವಡಿಯ ಗುಟ್ಟು ಮನೆಯ ಹೆಂಗಸರಿಗೆ ಮುಟ್ಟುತ್ತಿರಲಿಲ್ಲವಾದ್ದರಿಂದ, ಮಂತ್ರವೆಂಬುದೇ ಇರಲಿಲ್ಲ, ಗಂಡ ಸುಳ್ಳು ಹೇಳಿರಲಿಲ್ಲ ಎಂದು ಹಿಂದಿನ ದಿನವಷ್ಟೇ ಅಪ್ಪನಿಂದ ತಿಳಿದಿದ್ದಳು. ಮಾತು ಬಿಟ್ಟು ಒಂದೂವರೆ ತಿಂಗಳಾಗಿತ್ತು. ಅಷ್ಟೂ ದಿನದ ಮಾತು ಅವಳ ಗಂಟಲಲ್ಲೇ ಉಳಿದಿತ್ತು. ಬುತ್ತಿಯನ್ನು ಕುಕ್ಕಿ ಇಟ್ಟಳು.

"ಮಂತ್ರ ಇಲ್ಲ ಅಂತ ಅವತ್ತೇ ನೆಟ್ಟಗೆ ಹೇಳೋಕೇನಾಗಿತ್ತು ನಿಮಗೆ?"

"ಹೇಳಿದ್ನಲ್ಲೇ!" ಎಂದ ಮರುಳಸಿದ್ದಪ್ಪ, ಕೈ ನಿಲ್ಲಿಸದೆ.

"ಹೇಳೋ ಥರ ಹೇಳಿದ್ರಾ? ಕಳ್ಳ ಬೆಕ್ಕಿನ ಥರ ಹೇಳಿದ್ರೆ ಯಾರು ನಂಬ್ತಾರೆ? ಒಂದೂವರೆ ತಿಂಗಳು ನಾನು ಗೋಡೆ ಜೊತೆ ಮಾತಾಡ್ಕೊಂಡು ಕೂತಿದ್ದೆ. ನಿಮಗೆ ಅದು ಗೊತ್ತೂ ಆಗ್ಲಿಲ್ಲ!"

"ಗೊತ್ತಾಗ್ದೆ ಏನು? ಗಡಿಯಾರದ ಸದ್ದು ಕೇಳಿ ಕೇಳಿ ನನ್ನ ತಲೆ ಕೆಟ್ಟಿತ್ತು!"

"ಗಡಿಯಾರಕ್ಕೆ ಕೀ ಕೊಡೋರು ಯಾರು? ನಾನು! ನಿಮ್ಮ ಚಿಕ್ಕಮ್ಮ ಬಂದು ನಾಲ್ಕು ದಿನ ಕೂತು ತಿಂದ್ರು, ಎಮ್ಮೆ ನಮ್ಮ ಹುಲ್ಲು ತಿಂತು, ಹಾಲು ಮಾತ್ರ ಕೊಡ್ಲಿಪೇಟೆಗೆ ಹೋಯ್ತು!"

"ನಮ್ಮ ಚಿಕ್ಕಮ್ಮನ ಸುದ್ದಿಗೆ ಬರ್ಬೇಡ ನೀನು!"

"ಬರ್ತೀನಿ! ನಿಮ್ಮಣ್ಣನ ಮಗಳ ಮದುವೆ ಸುದ್ದಿಗೂ ಬರ್ತೀನಿ!"

ಮರುಳಸಿದ್ದಪ್ಪನ ಮುಖ ಕೆಂಪಾಯಿತು. ಒಂದೊಂದು ಮಾತಿಗೂ ತಿರುಗಿ ಹತ್ತು ಮಾತು ಹೇಳಿದ. ಕೈ ತನ್ನ ಪಾಡಿಗೆ ತಾನು, ಹಿಂದಕ್ಕೆ ಮುಂದಕ್ಕೆ, ಒಂದೇ ಸಮ ಹೋಗುತ್ತಿತ್ತು. ಚನ್ನಮಲ್ಲಪ್ಪ ಉಳಿದವರಿಗೆಲ್ಲ ಬೆರಳು ತುಟಿಗಿಟ್ಟು ಸನ್ನೆ ಮಾಡಿದ. ಮಾರನೆಯ ದಿನ ಜಗಳ ಮದುವೆಯ ಚಪ್ಪರದಿಂದ ಮುಂದುವರಿಯಿತು. ಅದರ ಮಾರನೆಯ ದಿನ ಅಣ್ಣನ ಹೆಂಡತಿಯನ್ನು ದಾಟಿ, ಆಲೂರಿನ ಹಳೆಯ ಮನೆಯ ಪಾಲಿಗೆ ಬಂತು.

ಐದನೆಯ ದಿನ ಜಗಳ ರಂಗೇರಿದ್ದಾಗ ಕರಿಬಸಪ್ಪ ಮೆಲ್ಲಗೆ ಬಂದು, ಮರುಳಸಿದ್ದಪ್ಪನ ಕೈಯಿಂದ ಕನ್ನಡಿಯನ್ನು ಬಿಡಿಸಿಕೊಂಡ. ಮರುಳಸಿದ್ದಪ್ಪ ಬರಿಗೈಯಲ್ಲೇ ತನ್ನ ಮೊಣಕಾಲು ಉಜ್ಜುತ್ತ, "ಆ ಪಾಲು ನಮ್ಮಪ್ಪ ನನಗೇ ಬಿಟ್ಟಿದ್ದು!" ಎಂದು ಕೂಗುತ್ತಿದ್ದ. ಕರಿಬಸಪ್ಪ ಕನ್ನಡಿಯನ್ನು ಬಿಸಿಲಿಗೆ ಹಿಡಿದ. ಗೋಡೆಯ ಮೇಲೆ ಬಸವಣ್ಣ ಬಂದು ಕೂತ. ಕೊಂಬಿನ ತುದಿಯಲ್ಲಿದ್ದ ಕುಚ್ಚಿನ ಎಳೆಯೂ ಎಣಿಸುವಷ್ಟು ಸ್ಪಷ್ಟವಾಗಿತ್ತು. ಹಿರಿಯರೆಲ್ಲ ಉಸಿರು ಬಿಟ್ಟರು. ಸಿದ್ದಣ್ಣ ಹೆಗಲ ಮೇಲಿನ ವಸ್ತ್ರದಿಂದ ಕಣ್ಣೊರೆಸಿಕೊಂಡ. ಗಂಡ ಹೆಂಡಿರಿಬ್ಬರೂ ಮಾತ್ರ ಗೋಡೆಗೆ ಬೆನ್ನು ಹಾಕಿ, ಪಾಲಿನ ವಿಷಯ ಮುಂದುವರಿಸಿದ್ದರು.

ಸಂಜೆಯ ಬಸ್ಸಿನಲ್ಲಿ ಕನ್ನಡಿ ಮಡಿಕೇರಿಗೆ ಹೋಯಿತು. ಹತ್ತು ದಿನದಲ್ಲಿ ಬಾಕಿ ತವರವೆಲ್ಲ ಬಂದು ಚಾವಡಿಯ ಮೂಲೆ ತುಂಬಿತು. ಕುಲುಮೆಗೆ ಬೆಂಕಿ ಹಾಕಿದ ದಿನ ಬೆಳಗ್ಗೆ ಚನ್ನಮಲ್ಲಪ್ಪ ಮಗಳನ್ನು ಪಕ್ಕಕ್ಕೆ ಕರೆದ.

"ಸುಲೋಚ್ನಾ, ಇನ್ಮೇಲೆ ದಿನಾ ಚಾವಡಿಗೆ ಬಂದು ಹೋಗ್ತಿರು ಮಗಾ. ಗಂಡನ್ನ ಬೈಯೋಕೆ ಏನಾದ್ರೂ ಹುಡುಕಿ ಇಟ್ಕೊಂಡಿರು."

"ಹುಡುಕೋದು ಏನು ಬಂತಪ್ಪ?" ಎಂದಳು ಸುಲೋಚನಮ್ಮ, ಸೆರಗು ಸೊಂಟಕ್ಕೆ ಸಿಕ್ಕಿಸುತ್ತ. "ಮದುವೆ ಆದ ವರ್ಷದ್ದೇ ಇನ್ನೂ ಮುಗಿದಿಲ್ಲ."